ಕೂಲಿ ಬೇರೆ, ಗೌರವಧನ ಬೇರೆ ಸ್ವಾಮಿ

ಕನ್ನಡದಲ್ಲಿ ದುಡ್ಡಿಗೆ ಎಷ್ಟೊಂದ್ ಹೆಸ್ರು ನೋಡಿ. ಗಾರೆ ಕೆಲ್ಸದೋನು ಇಸ್ಕೊಂಡ್ರೆ ಕೂಲಿ, ಗುಮಾಸ್ತ ಇಸ್ಕೊಂಡ್ರೆ ಸಂಬಳ, ಪುರೋಹಿತ್ರು ಇಸ್ಕೊಂಡ್ರೆ ದಕ್ಷಿಣೆ, ಶಾಲು ಹೊದ್ಸಿ ಕವರಲ್ಲಿ ಹಾಕ್ಕೊಟ್ರೆ ಗೌರವಧನ. ನೋಟು ಮಾತ್ರ ಎಲ್ಲಾ ಕಡೆ ಅದೇ. ಇಂಗ್ಲೆಂಡಿನವ್ರು ಈ ವಿದ್ಯೇಲಿ ನಮ್ಮಪ್ಪಂದಿರು, ಅವ್ರು ಇದನ್ನ ಸೀದಾ ಕ್ರಿಕೆಟ್ ಗ್ರೌಂಡಿಗೇ ತಂದು, ದುಡ್ಡಿಗೆ ಆಡೋನು ‘ಪ್ಲೇಯರ್’, ಪ್ರೀತಿಗೆ ಆಡೋನು ‘ಜೆಂಟಲ್‌ಮನ್’ ಅಂತ ಎರಡು ಜಾತಿ ಮಾಡಿ, ಡ್ರೆಸ್ಸಿಂಗ್ ರೂಮ್ ಬೇರೆ, ಗ್ರೌಂಡಿಗೆ ಇಳಿಯೋ ಗೇಟೂ ಬೇರೆ ಇಟ್ಟು, ಆಮೇಲೆ ಇಬ್ರನ್ನೂ ಒಂದೇ ಟೀಮಲ್ಲಿ ಆಡಿಸ್ತಿದ್ರು. ಅಂದ್ರೆ ಪಂಕ್ತಿಭೇದ ಊಟದ್ದಷ್ಟೇ ಅಲ್ಲ.

ಈ ಪ್ರೀತಿಗೆ ಆಡೋರ ಕುಲದೇವ್ರು ಡಬ್ಲ್ಯೂ.ಜಿ. ಗ್ರೇಸ್. 1848ರಲ್ಲಿ ಬ್ರಿಸ್ಟಲ್ ಹತ್ರದ ಡೌನೆಂಡಲ್ಲಿ ಹುಟ್ಟಿದ್ದು, ಎದೆ ಮುಚ್ಚೋಷ್ಟು ಗಡ್ಡ, ವೃತ್ತಿ ಡಾಕ್ಟರ್. ಆಟದ ಬಗ್ಗೆ ನಾನು ತಕರಾರು ತೆಗೆಯಲ್ಲ, ತೆಗೆದ್ರೆ ನಾಲ್ಗೆ ಬಿದ್ದೋಗುತ್ತೆ. 1876ರ ಆಗಸ್ಟ್‌ನಲ್ಲಿ ಎಂಟು ದಿನದೊಳಗೆ 344, 177, 318 ನಾಟೌಟ್ ಅಂತ ಹೊಡೆದ ಆಸಾಮಿ. ಹದಿನೆಂಟು ತುಂಬಿದ ಹೊಸದ್ರಲ್ಲಿ, 1866ರಲ್ಲಿ, ಲಂಡನ್ನಿನ ಓವಲ್ ಮೈದಾನದಲ್ಲಿ ಸರ್ರೆ ಕೌಂಟಿ ಟೀಮಿನ ಮೇಲೆ 224 ನಾಟೌಟ್ ಬಾರ್ಸಿ, ಮ್ಯಾಚ್ ಇನ್ನೂ ನಡೀತಿರೋವಾಗ್ಲೇ ಕ್ಯಾಪ್ಟನ್ ಹತ್ರ ರಜ ಕೇಳ್ಕೊಂಡು ಕ್ರಿಸ್ಟಲ್ ಪ್ಯಾಲೇಸ್‌ಗೆ ಹೋಗಿ 440 ಗಜದ ಹರ್ಡಲ್ಸ್ ಓಡಿ ಗೆದ್ದು ಬಂದಿದಾನೆ. ಬ್ಯಾಟಿಂಗ್ ಮುಗೀತಿದ್ದಂಗೆ ‘ಅಮ್ಮ ಕರೀತಿದಾರೆ ಕಣ್ರೋ’ ಅಂತ ಫೀಲ್ಡಿಂಗ್‌ಗೆ ಕೈಕೊಡೋ ಹುಡುಗ ನಮ್ಮ ಬೀದೀಲೂ ಒಬ್ಬ ಇದ್ದ, ಆದ್ರೆ ಅವ್ನು ಕಪ್ ತಂದಿದ್ದು ಯಾರೂ ನೋಡಿಲ್ಲ.

ಸರಿ, ಪ್ರೀತಿಯ ಲೆಕ್ಕಕ್ಕೆ ಬರೋಣ. 1873ರಲ್ಲಿ ಸಾಹೇಬ್ರು ಟೀಮ್ ಕಟ್ಕೊಂಡು ಆಸ್ಟ್ರೇಲಿಯಾಗೆ ಹೊರಟ್ರು, ಆಗಷ್ಟೇ ಮದ್ವೆ ಆಗಿತ್ತು, ಹಂಗಾಗಿ ಹನಿಮೂನೂ ಅದ್ರಲ್ಲೇ ಮುಗೀತು. ಪ್ರೀತಿಗೆ ಆಡೋ ಗ್ರೇಸ್‌ಗೆ 1500 ಪೌಂಡು ಮತ್ತು ಖರ್ಚು. ದುಡ್ಡಿನಾಸೆಗೆ ಆಡೋ ಪ್ಲೇಯರ್‌ಗಳಿಗೆ ತಲಾ 150, ಕೈಖರ್ಚಿಗೆ 20, ಹಡಗಲ್ಲಿ ಸೆಕೆಂಡ್ ಕ್ಲಾಸು. ಹತ್ತು ಪಟ್ಟು ನಿಸ್ವಾರ್ಥ ಅಂದ್ರೆ ಇದು ನೋಡಿ. 1891ರ ಆಸ್ಟ್ರೇಲಿಯಾ ಟೂರ್‌ಗೆ, ಅದನ್ನ ಏರ್ಪಡಿಸಿದ್ದ ಲಾರ್ಡ್ ಶೆಫೀಲ್ಡ್ ಕೊಟ್ಟಿದ್ದು 3000, ಜೊತೆಗೆ ಹೆಂಡ್ತಿ ಮಕ್ಳ ಖರ್ಚೂ ಅವ್ರದ್ದೇ.

ಮಧ್ಯೆ 1878ರಲ್ಲಿ, ಲಂಡನ್ನಿನ ಲಾರ್ಡ್ಸ್ ಮೈದಾನದ ಒಡೆಯ, ಕ್ರಿಕೆಟ್ಟಿನ ಕಾನೂನು ಬರೆಯೋ ಕ್ಲಬ್ಬು ಎಂಸಿಸಿಗೆ ಯಾಕೋ ಮರ್ಯಾದೆ ನೆನಪಾಗಿ, ಜೆಂಟಲ್‌ಮನ್ ಆದೋನು ಆಟದಿಂದ ಲಾಭ ಮಾಡ್ಬಾರ್ದು, ಖರ್ಚಿಗಿಂತ ಹೆಚ್ಚು ಇಸ್ಕೊಂಡೋನನ್ನ ಲಾರ್ಡ್ಸ್‌ನಲ್ಲಿ ಪ್ಲೇಯರ್‌ಗಳ ಎದುರು ಆಡೋ ಜೆಂಟಲ್‌ಮೆನ್ ಟೀಮಿಗೆ ಸೇರಿಸಲ್ಲ ಅಂತ ಠರಾವು ಮಾಡ್ತು. ಮಾರನೇ ವರ್ಷ ಅದೇ ಲಾರ್ಡ್ಸ್ ಅಂಗಳದಲ್ಲಿ ಗ್ರೇಸ್‌ಗೆ 1458 ಪೌಂಡಿನ ನಿಧಿ ಸಮರ್ಪಣೆ ಆಯ್ತು, ಡಾಕ್ಟರಿಕೆ ಇಟ್ಕೊಳ್ಳೋಕೆ ಅಂತ. ಹನ್ನೊಂದು ವರ್ಷ ಓದಿ ಪಾಸಾದೋರು, ಕೊಡ್ಲೇಬೇಕಪ್ಪ. 1895ರಲ್ಲಿ ಇನ್ನೊಂದ್ಸಲ, ಪೇಪರ್‌ನೋರು ಜನ್ರ ಹತ್ರ ತಲಾ ಒಂದು ಶಿಲ್ಲಿಂಗ್ ಎತ್ತಿದ್ದೂ ಸೇರಿ 9000 ದಾಟ್ತು. ಅದು ಲಾಭ ಅಲ್ಲ, ಜನರ ಅಭಿಮಾನ. ಅಭಿಮಾನ ಬ್ಯಾಂಕಿಗೆ ಹಾಕಿದ್ರೆ ಬಡ್ಡೀನೂ ಬರುತ್ತೆ ಅನ್ನೋದು ಬೇರೆ ವಿಷ್ಯ.

ಈಗ 1896ಕ್ಕೆ ಬನ್ನಿ, ಮಜಾ ಇರೋದೇ ಇಲ್ಲಿ. ಓವಲ್‌ನಲ್ಲಿ ಆಸ್ಟ್ರೇಲಿಯಾ ಮೇಲೆ ಟೆಸ್ಟು. ಗನ್, ಲೋಮನ್, ಏಬಲ್, ಹೇವರ್ಡ್, ರಿಚರ್ಡ್‌ಸನ್, ಐದೂ ಜನ ಪ್ಲೇಯರ್‌ಗಳು ‘ಸ್ವಾಮಿ, 10 ಪೌಂಡು ಸಾಲಲ್ಲ, 20 ಮಾಡಿ’ ಅಂದ್ರು. ಅಬ್ಬಾ, ಎಂಥಾ ದುರಾಸೆ! ಮ್ಯಾಚ್ ಹತ್ರ ಇಟ್ಕೊಂಡು ಬ್ಲ್ಯಾಕ್‌ಮೇಲಾ ಅಂತ ದೊಡ್ಡೋರೆಲ್ಲ ಮುಖ ಸಿಂಡರಿಸಿದ್ರು. ಅಷ್ಟ್ರಲ್ಲಿ ಪೇಪರ್‌ಗಳಲ್ಲಿ ಗ್ರೇಸ್‌ಗೆ ಎಷ್ಟಂತೆ ಅನ್ನೋ ಗುಸುಗುಸು ಎದ್ದು, ಮ್ಯಾಚ್ ನಡೆಸ್ತಿದ್ದ ಸರ್ರೆ ಕ್ಲಬ್ಬು ಸ್ಪಷ್ಟೀಕರಣ ಕೊಡ್ಬೇಕಾಯ್ತು: ಗ್ರೇಸ್ ಅವ್ರಿಗೆ ಮ್ಯಾಚಿಗೆ 10 ಪೌಂಡು ಕೊಡ್ತೀವಿ, ಅದು ಖರ್ಚಿಗೆ ಮಾತ್ರ. ಆಯ್ತಲ್ಲ? ಇವ್ರ 10 ಕೂಲಿ, ಅವ್ರ 10 ಖರ್ಚು. ಇವ್ರು ಆ ಹತ್ರಲ್ಲೇ ರೈಲು, ಊಟ, ರೂಮು ನೋಡ್ಕೊಂಡು ಮಿಕ್ಕಿದ್ರಲ್ಲಿ ಮನೆ ನಡೆಸ್ಬೇಕು, ಅವ್ರದ್ದು ಟಿಎ ಡಿಎ ಬಿಲ್ಲು, ಆಡಿಟ್ ಇಲ್ದೇ ಇರೋದು. ಕೊನೆಗೆ ಮೂವರು ತಲೆ ತಗ್ಸಿ ಆಡಿದ್ರು, ಗನ್, ಲೋಮನ್ ಆಚೆ ಉಳಿದ್ರು. ಲೋಮನ್ ಆಮೇಲೆ ಕ್ಷಮೆ ಕೇಳಿದ್ದೂ ಆಯ್ತು. ಆಸ್ಟ್ರೇಲಿಯಾ 44ಕ್ಕೆ ಆಲೌಟಾಗಿ ಇಂಗ್ಲೆಂಡ್ ಗೆದ್ದಿದ್ರಿಂದ ಎಲ್ರೂ ಲೆಕ್ಕ ಮರೆತ್ರು, ಗೆದ್ದ ಮನೇಲಿ ಬಿಲ್ ಯಾರ್ ಕೇಳ್ತಾರೆ.

ಗ್ರೇಸ್ ಆಮೇಲೆ ಲಂಡನ್ ಕೌಂಟಿ ಅನ್ನೋ ಹೊಸ ಕ್ಲಬ್ಬಿಗೆ ವರ್ಷಕ್ಕೆ 600 ಪೌಂಡಿನ ಸೆಕ್ರೆಟರಿ ಆದ್ರು, ಆಡೋದಕ್ಕಲ್ಲ ಮತ್ತೆ, ಸೆಕ್ರೆಟರಿ ಕೆಲ್ಸಕ್ಕೆ. ವಯಸ್ಸಾದ ಮೇಲೆ ಹುಲ್ಲಿನ ಮೇಲೆ ಚೆಂಡು ಉರುಳಿಸೋ ಬೌಲ್ಸ್ ಆಟ ಹಿಡಿದು 1903ರಲ್ಲಿ ಅದ್ರ ರಾಷ್ಟ್ರೀಯ ಸಂಘಕ್ಕೂ ಮೊದಲ ಅಧ್ಯಕ್ಷ. 1915ರಲ್ಲಿ ತೀರ್ಕೊಂಡ್ರು, ಕೊನೇವರೆಗೂ ಅಪ್ಪಟ ಅಮೆಚೂರ್, ಅಂದ್ರೆ ಪ್ರೀತಿಗೆ ಆಡೋನು.

ಈ ಎರಡು ಜಾತಿ ವ್ಯವಸ್ಥೆ 1962ರ ಕೊನೇವರೆಗೂ ಬದುಕಿತ್ತು ಅಂದ್ರೆ ನಂಬ್ತೀರಾ. ಸ್ಕೋರ್‌ಕಾರ್ಡಲ್ಲಿ ಜೆಂಟಲ್‌ಮನ್‌ಗೆ ಇನಿಷಿಯಲ್ ಹೆಸ್ರಿನ ಮುಂಚೆ, ಪ್ಲೇಯರ್‌ಗೆ ಹೆಸ್ರಾದ ಮೇಲೆ. ಎರಡನೇ ಮಹಾಯುದ್ಧ ಎಲ್ಲಾ ಮುಗಿದು, ಹಿಟ್ಲರ್ ಸತ್ತು, ನಮ್ಗೂ ಸ್ವಾತಂತ್ರ್ಯ ಬಂದಾದ್ಮೇಲೆ, ಲಾರ್ಡ್ಸ್‌ನಲ್ಲಿ ಟಿಟ್ಮಸ್ ಅನ್ನೋ ಹುಡುಗ ಬ್ಯಾಟ್ ಹಿಡ್ಕೊಂಡು ಗ್ರೌಂಡಿಗೆ ಇಳೀತಿದ್ದಂಗೆ ಮೈಕಲ್ಲಿ ಗಂಭೀರವಾಗಿ ಅನೌನ್ಸ್‌ಮೆಂಟ್ ಬಂತು: ಮಹನೀಯರೇ, ನಿಮ್ಮ ಕಾರ್ಡಲ್ಲಿ ಒಂದು ತಿದ್ದುಪಡಿ, ‘ಎಫ್.ಜೆ. ಟಿಟ್ಮಸ್’ ಅಂತಿರೋದನ್ನ ದಯವಿಟ್ಟು ‘ಟಿಟ್ಮಸ್ ಎಫ್.ಜೆ.’ ಅಂತ ಓದ್ಕೊಳ್ಳಿ.