ಹನ್ನಾ, ಅನ್ನ, ಅಣ್ಣ

ಬೆಂಗಳೂರಿನಲ್ಲಿ ಈಗ ಮಗುವಿಗೆ ಹೆಸರು ಹುಡುಕುವುದು ಸೈಟು ಹುಡುಕಿದಷ್ಟೇ ಕಷ್ಟ. ಹೆಸರು ಎರಡಕ್ಷರ ಮೀರಬಾರದು. ಫಾರಿನ್ನಿನವರ ನಾಲಿಗೆ ತೊಡರಬಾರದು. ಅರ್ಥ ಇರಬೇಕು, ಆದರೆ ಕೇಳಿದ ಕೂಡಲೇ ತಿಳಿಯಬಾರದು. ಮುಖ್ಯವಾಗಿ, ಅಪಾರ್ಟ್‌ಮೆಂಟಿನಲ್ಲಿ ಬೇರೆ ಯಾವ ಮಗುವಿಗೂ ಆ ಹೆಸರು ಇರಬಾರದು.

ಇಷ್ಟೆಲ್ಲ ಜರಡಿ ಹಿಡಿದು ನನ್ನ ತಮ್ಮ, ಅವನ ಹೆಂಡತಿ ಆರಿಸಿದ್ದು ‘ಹನ್ನಾ’. ಹೀಬ್ರೂ ಮೂಲದ್ದು. ಕೃಪೆ, ಅನುಗ್ರಹ ಎಂದು ಅರ್ಥ.

“ಅಲ್ಲಮ್ಮಾ, ಕೃಪಾ ಅಂತಲೇ ಇಟ್ಟಿದ್ರೆ ಆಗ್ತಿರಲಿಲ್ವಾ?” ಎಂದರು ನಮ್ಮಮ್ಮ.

“ನಮ್ಮ ಟೀಮಲ್ಲೇ ಇಬ್ಬರು ಕೃಪಾ ಇದ್ದಾರೆ ಅತ್ತೆ.”

ತಮ್ಮ ಸಾಫ್ಟ್‌ವೇರಿನವನು. ಇಂಗ್ಲಿಷಿನಲ್ಲಿ ಬರೆದರೆ ಈ ಹೆಸರನ್ನು ಹಿಂದಿನಿಂದ ಓದಿದರೂ ಒಂದೇ ಎಂಬುದು ಅವನ ಸಂಭ್ರಮ. “ಹಾಗಾದ್ರೆ ವಿಕಟಕವಿ ಅಂತಿಡು, ಅದೂ ಹಾಗೇ ಅಲ್ವಾ?” ಎಂದರು ಅಮ್ಮ.

ಅಪರೂಪದ ಹೆಸರು ಅಂದುಕೊಂಡಿದ್ದರು ಪಾಪ. 2000ನೇ ಇಸವಿಯಲ್ಲಿ ಅಮೆರಿಕದಲ್ಲಿ ಹುಟ್ಟಿದ ಹೆಣ್ಣುಮಕ್ಕಳ ಹೆಸರುಗಳಲ್ಲಿ ಎಮಿಲಿ ಮೊದಲನೆಯದು, ಹನ್ನಾ ಎರಡನೆಯದು. ಅಂದರೆ ದೂರದ ದೇಶದಿಂದ ಅಲ್ಲಿನ ಲಕ್ಷ್ಮಿಯನ್ನೇ ಹೊತ್ತು ತಂದಿದ್ದರು.

ನಿಜವಾದ ತೊಂದರೆ ಬೇರೆ. ನಮ್ಮ ಕಡೆ ಹಕಾರಕ್ಕೆ ಆಯಸ್ಸು ಕಡಿಮೆ. ಹಾಲು ಆಲಾಗುತ್ತದೆ, ಹಸು ಅಸುವಾಗುತ್ತದೆ. ನಾಮಕರಣದ ದಿನ ತಮ್ಮ ತಟ್ಟೆಯಲ್ಲಿ ಅಕ್ಕಿ ಹರಡಿ ಉಂಗುರದಿಂದ ಹೆಸರು ಬರೆದ. ಸೋದರತ್ತೆ ನಾನು, ಮಗುವಿನ ಕಿವಿಯಲ್ಲಿ ಹೇಳಿದೆ. “ಏನಂತೆ, ಏನಂತೆ?” ಎಂದು ಹಿಂದಿನ ಸಾಲಿನವರು ಕೇಳಿದರು. ಯಾರೋ “ಅನ್ನ ಅಂತೆ” ಎಂದು ಕೂಗಿದರು. ಅಡುಗೆಮನೆಯಿಂದ ಭಟ್ಟರ ಉತ್ತರ ಬಂತು: “ಐದೇ ನಿಮಿಷ, ಎಲೆ ಹಾಕ್ಕೊಳ್ಳಿ!”

ಬೈಯುವ ಹಾಗೂ ಇಲ್ಲ. ಆ ಹೀಬ್ರೂ ಹೆಸರಿನ ಮೊದಲಕ್ಷರ ಗಂಟಲಿನ ಒಳಗಿಂದ ಬರುವಂಥದ್ದು. ಗ್ರೀಕರ ಬಾಯಿಗೆ ಬಿದ್ದಾಗಲೇ ಅದು ಉದುರಿ ‘ಅನ್ನಾ’ ಆಗಿತ್ತು. ಯುರೋಪಿನ ಆನ್, ಆನಿ, ಸ್ಪೇನಿನ ಅನಿತಾ ಎಲ್ಲ ಅದರದೇ ಸಂತಾನ. ಗ್ರೀಕರು ಮಾಡಿದ್ದನ್ನೇ ನಮ್ಮ ಭಟ್ಟರೂ ಮಾಡಿದರು ಅಷ್ಟೇ.

ಕನ್ನಡದಲ್ಲಿ ಮಗು ‘ಅದು’ ಬೇರೆ. ಹಾಗಾಗಿ ನಮ್ಮನೆಯಲ್ಲಿ ಅನ್ನ ಅಳುತ್ತದೆ, ಅನ್ನ ಬೋರಲು ಬೀಳುತ್ತದೆ, ಅನ್ನ ರಾತ್ರಿಯೆಲ್ಲ ಮಲಗುವುದಿಲ್ಲ. ಒಮ್ಮೆ ಅಮ್ಮ ಅಡುಗೆಮನೆಯಿಂದ, “ಅನ್ನ ತುಂಬಾ ಬಿಸಿ ಇದೆ ಕಣೋ” ಎಂದರು. ನಾದಿನಿ ಆಫೀಸಿನ ಮೀಟಿಂಗ್ ಅರ್ಧಕ್ಕೇ ಬಿಟ್ಟು ಥರ್ಮಾಮೀಟರ್ ಹಿಡಿದು ಓಡಿ ಬಂದಳು. ಕುಕ್ಕರಿನ ಮುಚ್ಚಳ ಆಗಷ್ಟೇ ತೆಗೆದಿದ್ದರು.

ಲಸಿಕೆಗೆ ಹೋದ ಕ್ಲಿನಿಕ್ಕಿನಲ್ಲಿ ಇನ್ನೊಂದು. ರಿಸೆಪ್ಷನ್ನಿನ ಹುಡುಗಿ ಫೈಲು ನೋಡಿ, “ಅಣ್ಣಾ... ಯಾರ್ರೀ ಅಣ್ಣಾ?” ಎಂದಳು. ಕೂತಿದ್ದ ಗಂಡಸರೆಲ್ಲ ತಲೆ ಎತ್ತಿದರು. ಇಬ್ಬರು ಎದ್ದೇ ಬಂದರು. ಈ ಊರಿನಲ್ಲಿ ಆಟೋದವರಿಂದ ಹಿಡಿದು ತರಕಾರಿಯವರ ತನಕ ಅಣ್ಣ ಅಲ್ಲದವರು ಯಾರಿದ್ದಾರೆ ಹೇಳಿ?

ನನಗಂತೂ ಈ ಹೆಸರು ಹಿಡಿಸಿದ್ದು ಅದರ ಹಿಂದಿನ ಕಥೆಯಿಂದ. ಬೈಬಲಿನ ಸಮುವೇಲನ ಪುಸ್ತಕದಲ್ಲಿ ಹನ್ನಾಳಿಗೆ ಮಕ್ಕಳಿಲ್ಲ. ಸವತಿಯ ಕುಹಕ ಬೇರೆ. ಶೀಲೋ ಎಂಬ ಊರಿನ ಮಂದಿರಕ್ಕೆ ಹೋಗಿ ಮನಸ್ಸಿನಲ್ಲೇ ಬೇಡಿಕೊಳ್ಳುತ್ತಾಳೆ. ತುಟಿ ಅಲ್ಲಾಡುತ್ತದೆ, ಧ್ವನಿ ಇಲ್ಲ. ಅದನ್ನು ನೋಡಿದ ಯಾಜಕ ಏಲಿ, ಇವಳು ಕುಡಿದು ಬಂದಿದ್ದಾಳೆ ಅಂದುಕೊಂಡು ಗದರುತ್ತಾನೆ! ಅವಳು ಹೆದರದೆ, ಕುಡಿದಿಲ್ಲ ಸ್ವಾಮಿ, ಮನಸ್ಸಿನ ದುಃಖ ಹೇಳಿಕೊಳ್ಳುತ್ತಿದ್ದೇನೆ ಅನ್ನುತ್ತಾಳೆ. ಆಮೇಲೆ ಸಮುವೇಲ ಹುಟ್ಟುತ್ತಾನೆ. ಈಗಿನ ಬೆಂಗಳೂರಾಗಿದ್ದರೆ ಕಿವಿಯಲ್ಲಿ ಬ್ಲೂಟೂತ್ ಇರಬೇಕು ಅಂತ ಸುಮ್ನೆ ಬಿಟ್ಟುಬಿಡುತ್ತಿದ್ದರು.

ಅಮ್ಮ ಮಾತ್ರ ತಮ್ಮದೇ ದಾರಿ ಹಿಡಿದರು. ಮೆಜೆಸ್ಟಿಕ್ ಹತ್ತಿರ ಊರ ದೇವತೆ ಅಣ್ಣಮ್ಮ ಇದ್ದಾಳಲ್ಲ, ಮಗುವನ್ನೂ ಅಣ್ಣಮ್ಮ ಎಂದೇ ಕರೆಯತೊಡಗಿದರು. ಎದುರುಮನೆಯ ಮಲಯಾಳಿ ಆಂಟಿಗೆ ಖುಷಿಯೋ ಖುಷಿ. “ನಮ್ಮಮ್ಮನ ಹೆಸರೂ ಅನ್ನಮ್ಮ!” ಕೇರಳದ ಕ್ರೈಸ್ತರ ಅನ್ನಮ್ಮ ಬಂದಿರುವುದು ಇದೇ ಅನ್ನಾದಿಂದ. ನಮ್ಮ ಅಣ್ಣಮ್ಮನಿಗೂ ಹೀಬ್ರೂವಿಗೂ ಯಾವ ನಂಟೂ ಇಲ್ಲ. ಆದರೂ ಇಬ್ಬರೂ ಸೇರಿ ಸಂಬಂಧ ಬೆಳೆಸಿಬಿಟ್ಟರು. ಈಗ ಆ ಮನೆಯಿಂದ ಅವಿಯಲ್ ಬರುತ್ತದೆ, ಈ ಮನೆಯಿಂದ ಬಿಸಿಬೇಳೆಬಾತ್ ಹೋಗುತ್ತದೆ.

ಮೊದಲ ಹುಟ್ಟುಹಬ್ಬಕ್ಕೆ ಕೇಕ್ ಹೇಳುವ ಕೆಲಸ ನನಗೆ ಬಂತು. ಬೇಕರಿಗೆ ಫೋನ್ ಮಾಡಿ ಹೆಸರು ಹೇಳಿದೆ.

“ಅಣ್ಣಂಗೆ ಎಷ್ಟು ವಯಸ್ಸು ಮೇಡಂ? ನಂಬರ್ ಕ್ಯಾಂಡಲ್ ಕೊಡ್ತೀವಿ.”

“ಒಂದು.”

“ಅರವತ್ತೊಂದಾ?”

“ಬರೀ ಒಂದು. ಹೆಣ್ಣುಮಗು.”

“ಓಹೋ, ಅಣ್ಣನ ಮಗಳಾ!”

“ಅಲ್ಲಪ್ಪಾ, ತಮ್ಮನ ಮಗಳು.”

“ಸರಿ ಮೇಡಂ, ಗೊತ್ತಾಯ್ತು ಬಿಡಿ.”

ಸಂಜೆ ಡಬ್ಬ ತೆರೆದರೆ ಗುಲಾಬಿ ಕ್ರೀಮಿನಲ್ಲಿ ದುಂಡಗೆ ಬರೆದಿತ್ತು: ಹ್ಯಾಪಿ ಬರ್ತ್‌ಡೇ ತಮ್ಮನ ಮಗಳು. ಅಮ್ಮ ಕನ್ನಡಕ ಏರಿಸಿ, ಎಲ್ಲೂ ತಡವರಿಸದೆ ಜೋರಾಗಿ ಓದಿದರು.