ಹೊಸ ಸ್ಪೀಕರಿಗೆ 100 ಗಂಟೆ ಟೆಸ್ಟ್ ರೆಕಾರ್ಡಿಂಗ್ ಬೇಕೇ?

ಬಳ್ಳಾರಿಯ ವಾಟ್ಸಾಪ್ ಗುಂಪುಗಳಲ್ಲಿ ಓಡಾಡುವ ಸಂದೇಶ ಇದು: “ಹೊಸ ಸ್ಪೀಕರ್, ವೈರ್ ಎರಡಕ್ಕೂ 100 ಗಂಟೆ ಟೆಸ್ಟ್ ರೆಕಾರ್ಡಿಂಗ್ ಫುಲ್ ವಾಲ್ಯೂಮಿನಲ್ಲಿ ಹಾಕಿ. ಆಮೇಲೇ ಅಸಲಿ ಸೌಂಡ್.”

ಟೆಸ್ಟ್ ರೆಕಾರ್ಡಿಂಗ್ ಅಂದರೆ ಸ್ಪೀಕರ್ ಪರೀಕ್ಷಿಸಲೆಂದೇ ಮಾಡಿದ ದನಿಗಳ ರೆಕಾರ್ಡಿಂಗ್. ಆದರೆ ಸಂದೇಶದ ಮಾತು ನಿಜವಲ್ಲ. ಸ್ಪೀಕರಿನಲ್ಲಿ ಅದುರಿ ಸದ್ದು ಮಾಡುವ ಕೋನ್ ಹಿಡಿದಿರುವ ರಬ್ಬರ್ ಅಂಚು ಮೊದಮೊದಲು ಸ್ವಲ್ಪ ಸಡಿಲವಾಗುತ್ತದೆ, ಅಷ್ಟೇ. ಸುಮ್ನೆ ಹಾಡು ಕೇಳುತ್ತಿದ್ದರೂ ಅದು ಆಗುತ್ತದೆ. ತಾಮ್ರದ ವೈರಿನಲ್ಲಿ ಸಡಿಲವಾಗಲು ಏನಿದೆ ಹೇಳಿ? ಫುಲ್ ವಾಲ್ಯೂಮಿಟ್ಟರೆ ಟ್ವೀಟರಿನ (ಕೀಚಲು ದನಿ ಹೊರಡಿಸುವ ಚಿಕ್ಕ ಸ್ಪೀಕರ್) ಕಾಯಿಲ್ ಸುಟ್ಟೀತು.

ಹಾಗಂತ ಟೆಸ್ಟ್ ರೆಕಾರ್ಡಿಂಗ್ ದಂಡವಲ್ಲ. ಎರಡೂ ಸ್ಪೀಕರಿನಲ್ಲಿ ಒಂದೇ ದನಿ ಹಾಕಿ, ಮಧ್ಯದಲ್ಲಿ ಕೂತು ಕೇಳಿ. ದನಿ ನಡುವಿನಿಂದ ಬರದೆ ಚದುರಿದಂತಿದೆಯೇ? ಬಾಸ್ ಸೊರಗಿದೆಯೇ? ಹಾಗಾದರೆ ಒಂದು ಸ್ಪೀಕರಿನ ಪ್ಲಸ್–ಮೈನಸ್ ವೈರ್ ಅದಲುಬದಲಾಗಿರಬಹುದು. ಇನ್ನು ನಮ್ಮ ಕಡೆಯ ಕಲ್ಲಿನ ನೆಲ, ಬರೀ ಗೋಡೆ ಸದ್ದನ್ನು ಜಾಸ್ತಿ ಮರಳಿಸುತ್ತವೆ. ಸ್ಪೀಕರಿನ ಮುಂದೆ ಒಂದು ದಪ್ಪ ಜಮಖಾನ ಹಾಸಿ ನೋಡಿ.