ಕೂಗಿದಾಗ ನಾನಿರಲಿಲ್ಲ

ಕೇಸಿನಲ್ಲಿ ಮಿಕ್ಸಿ ಮಾರಿದವನು ಸೋಲಬೇಕಿತ್ತು. ಸೋತದ್ದು ನಾನು. ಅದೂ ಅವನ ಕೈಯಲ್ಲಲ್ಲ, ಒಂದು ಜೆರಾಕ್ಸ್ ಮಿಷನ್ ಕೈಯಲ್ಲಿ.

ತಂದ ಮೂರನೇ ವಾರಕ್ಕೇ ಆ ಮಿಕ್ಸಿಗೆ ನಿಲ್ಲುವುದು ಮರೆತುಹೋಗಿತ್ತು. ಸ್ವಿಚ್ಚನ್ನು ಸೊನ್ನೆಗೆ ತಿರುಗಿಸಿದರೂ ಗುರ್ ಅನ್ನುತ್ತಲೇ ಇರುತ್ತಿತ್ತು. ಮನೆಯವಳು ಒಂದು ಕೈ ಮುಚ್ಚಳದ ಮೇಲೆ, ಇನ್ನೊಂದು ಕೈ ಪ್ಲಗ್ ಮೇಲೆ ಇಟ್ಟುಕೊಂಡೇ ರುಬ್ಬಬೇಕು. ಅಂಗಡಿಯವನು "ನೀವು ಸರಿಯಾಗಿ ತಿರುಗಿಸ್ತಿಲ್ಲ ಸಾರ್" ಅಂದ. ಅಷ್ಟು ಸಾಕಿತ್ತು. ಜಿಲ್ಲಾ ಗ್ರಾಹಕರ ಆಯೋಗಕ್ಕೆ ದೂರು ಕೊಟ್ಟೆ.

ಕಾನೂನು ಓದಿದಷ್ಟೂ ಉಬ್ಬಿದೆ. 5 ಲಕ್ಷದವರೆಗಿನ ವಸ್ತುವಾದರೆ ಶುಲ್ಕವೇ ಇಲ್ಲ. ವಕೀಲರೂ ಬೇಕಿಲ್ಲ, ನಾವೇ ವಾದಿಸಬಹುದು. 2019ರ ಕಾಯ್ದೆ ಪ್ರಕಾರ ಎದುರುದಾರ 30 ದಿನ, ಹೆಚ್ಚೆಂದರೆ ಮತ್ತೆ 15 ದಿನದೊಳಗೆ ಉತ್ತರ ಕೊಡಬೇಕು. ಅವನ ದಿನಗಳನ್ನು ಎಣಿಸಿ ಎಣಿಸಿ ಖುಷಿಪಟ್ಟೆ. ನನ್ನವನ್ನು ಎಣಿಸಲಿಲ್ಲ.

ಒಂದು ವಾಯಿದೆಗೆ ಜ್ವರ. ಇನ್ನೊಂದಕ್ಕೆ 16 ಅನ್ನುವುದನ್ನು 19 ಅಂತ ಬರೆದುಕೊಂಡಿದ್ದೆ. ಇಸ್ತ್ರಿ ಅಂಗಿ ಹಾಕಿಕೊಂಡು ಹೋದರೆ ಗೇಟಿಗೆ ಬೀಗ. ಭಾನುವಾರ!

ಮೂರನೇ ಸಲ ಬೆಳಗ್ಗೆ ಹತ್ತಕ್ಕೇ ಹೋಗಿ ಮುಂದಿನ ಬೆಂಚಿನಲ್ಲಿ ಕೂತೆ. ನನ್ನದು 27ನೇ ನಂಬರು. 6 ನಡೀತಿದೆ ಅನ್ನುವಾಗ ಫೈಲು ತೆರೆದೆ. ಅಫಿಡವಿಟ್ಟಿನ ಒಂದು ಸೆಟ್ಟಿನಲ್ಲಿ ನಾಲ್ಕನೇ ಪುಟವೇ ಇಲ್ಲ. ಟೈಮಿದೆ ಅಲ್ವಾ ಅಂತ ಕೆಳಗೆ ಓಡಿದೆ. ಜೆರಾಕ್ಸ್ ಅಂಗಡಿಯಲ್ಲಿ ನನಗಿಂತ ಮುಂದೆ ಒಬ್ಬರು ದಿಂಬಿನಷ್ಟು ದಪ್ಪದ ಕಟ್ಟು ಹಿಡಿದು ನಿಂತಿದ್ದರು. ಅರ್ಧಕ್ಕೆ ಪೇಪರ್ ಸಿಕ್ಕಿಕೊಂಡಿತು. ಹುಡುಗ ಮುಚ್ಚಳ ತೆಗೆದು, ಹಾಳೆಯ ತುದಿಯನ್ನು ಹಲ್ಲಿಯ ಬಾಲ ಹಿಡಿದ ಹಾಗೆ ಹಿಡಿದು ಎಳೆದ. ಬಾಲ ಮಾತ್ರ ಬಂತು.

ಬಿಸಿ ಬಿಸಿ ನಾಲ್ಕನೇ ಪುಟ ಹಿಡಿದು ಮೇಲೆ ಬಂದಾಗ 31 ನಡೆಯುತ್ತಿತ್ತು. ವಾಯಿದೆ ಕೇಳುವ ಕೇಸುಗಳು ಅರ್ಧ ನಿಮಿಷಕ್ಕೊಂದರಂತೆ ಮುಗಿಯುತ್ತವೆ ಅಂತ ನನಗೇನು ಗೊತ್ತು? ದೂರುದಾರರನ್ನು ಕೂಗಲಾಯಿತು, ಹಾಜರಿಲ್ಲ, ಪ್ರಕರಣ ನಡೆಸಲು ಆಸಕ್ತಿ ಕಾಣುತ್ತಿಲ್ಲ, ವಜಾ. ಆಸಕ್ತಿ ಇಲ್ಲವಂತೆ! ಅದು ಜಾಸ್ತಿಯಾಗಿಯೇ ತಾನೇ ನಾನು ಕೆಳಗೆ ಓಡಿದ್ದು?

ಎದುರುದಾರರ ವಕೀಲರು ಮೆಟ್ಟಿಲಲ್ಲಿ ಸಿಕ್ಕರು. "ಇಲ್ಲೇ ಇದ್ರಲ್ಲ ಸಾರ್, ಎಲ್ಲಿ ಹೋದ್ರಿ?" ಅಂದರು. ಗೆದ್ದವರಾದರೂ ಪಾಪ, ಒಳ್ಳೆಯವರು. ಹೀಗೆ ವಜಾ ಆದದ್ದನ್ನು ಜಿಲ್ಲಾ ಆಯೋಗ ತಾನೇ ಮತ್ತೆ ತೆರೆಯುವಂತಿಲ್ಲ, 2011ರಲ್ಲೇ ಸುಪ್ರೀಂ ಕೋರ್ಟ್ ಹೇಳಿದೆ, 45 ದಿನದೊಳಗೆ ರಾಜ್ಯ ಆಯೋಗಕ್ಕೆ ಮೇಲ್ಮನವಿ ಹಾಕಿ ಅಂತ ಅವರೇ ದಾರಿ ತೋರಿಸಿದರು.

ಆದೇಶ ಕೈಗೆ ಸಿಕ್ಕ ದಿನ ಅದರ ಪ್ರತಿ ತೆಗೆಸಲು ಕೆಳಗಿಳಿದೆ. ಅದೇ ಹುಡುಗ. ತಲೆ ಎತ್ತದೆ ಕೇಳಿದ, "ನಾಲ್ಕನೇ ಪುಟಾನಾ ಸಾರ್?"